ಕುದುರೆ ನಡೆಸಿದ ದೊರೆ

ಸುವರ್ಣ ಮಹೋತ್ಸವದ ಸಂಚಿಕೆಗೆ ಹಿರಿಯರೊಬ್ಬರ ಜೀವನ ಬರೆದುಕೊಡಿ ಎಂದು ಸಮಿತಿಯವರು ಕೇಳಿದಾಗ, ನಾನು ವಿಶ್ವೇಶ್ವರಯ್ಯನವರನ್ನೋ ಡಿ.ವಿ.ಜಿ.ಯವರನ್ನೋ ಆರಿಸಿಕೊಳ್ಳುತ್ತೇನೆಂದು ಅವರು ಎಣಿಸಿದ್ದರು. ನಾನು ಹೇಳಿದ್ದು ಮುಮ್ಮಡಿ ಕೃಷ್ಣರಾಜ ಒಡೆಯರ ಹೆಸರು. ಇದಕ್ಕೆ ಕಾರಣ ಚದುರಂಗ, ಮತ್ತು ಇದೇ ಶಾಲೆಯ ಒಂದು ಮಧ್ಯಾಹ್ನ.

ನಾನು ಒಂಬತ್ತನೇ ತರಗತಿಯಲ್ಲಿದ್ದಾಗ ಅಪ್ಪ ಕೆಲಸ ಮಾಡುತ್ತಿದ್ದ ಗಿರಣಿ ಬಾಗಿಲು ಹಾಕಿತು. ಚಾಮರಾಜಪೇಟೆಯ ನಮ್ಮ ವಠಾರದ ಜಗಲಿಯ ಮೇಲೆ ಸೀಮೆಸುಣ್ಣದಿಂದ ಮನೆ ಗೀಚಿಕೊಂಡು ಅಪ್ಪ ಬೆಳಗಿನಿಂದ ಸಂಜೆಯವರೆಗೆ ಚದುರಂಗ ಆಡುತ್ತಿದ್ದರು. ಜೊತೆಗೆ ಯಾರೂ ಸಿಗದ ದಿನ ಒಬ್ಬರೇ. ಗೆಳೆಯರು ನೋಡಿಯಾರೆಂಬ ನಾಚಿಕೆಯಿಂದ ನಾನು ಹಿಂದಿನ ಬೀದಿಯಲ್ಲಿ ಸುತ್ತಿಕೊಂಡು ಮನೆ ಸೇರುತ್ತಿದ್ದೆ. ನಮ್ಮ ಗಣಿತದ ಮೇಷ್ಟ್ರಿಗೆ ಇದು ಹೇಗೋ ತಿಳಿಯಿತು. ಬೈಯಲಿಲ್ಲ, ಬುದ್ಧಿ ಹೇಳಲಿಲ್ಲ. ಕರಿಹಲಗೆಯ ಮೇಲೆ 64 ಮನೆ ಬರೆದು, ಒಂದೇ ಒಂದು ಕುದುರೆಯನ್ನು ನಡೆಸಿ, ಯಾವ ಮನೆಗೂ ಎರಡನೇ ಸಲ ಕಾಲಿಡದೆ ಎಲ್ಲವನ್ನೂ ಮುಗಿಸಿ ಎಂದರು. ನಾವು ಸೋತ ಮೇಲೆ ಈ ಲೆಕ್ಕ ಹಿಡಿದು ಕುಳಿತ ದೊರೆಯ ಕಥೆ ಹೇಳಿದರು.

ಮುಮ್ಮಡಿಯವರು ಹುಟ್ಟಿದ್ದು 1794ರಲ್ಲಿ. ಎರಡು ವರ್ಷಕ್ಕೆ ತಂದೆ ಖಾಸಾ ಚಾಮರಾಜ ಒಡೆಯರು ತೀರಿಕೊಂಡರು. 1799ರ ಮೇ ತಿಂಗಳಲ್ಲಿ ಶ್ರೀರಂಗಪಟ್ಟಣ ಬಿದ್ದು ಟಿಪ್ಪು ಸುಲ್ತಾನ್ ಮಡಿದ ಮೇಲೆ, ಐದು ವರ್ಷದ ಈ ಮಗುವನ್ನು ಇಂಗ್ಲಿಷರು ಮೈಸೂರಿನ ಗದ್ದುಗೆಯ ಮೇಲೆ ಕೂರಿಸಿದರು. ಸಾಕಿದವರು ಅಜ್ಜಿ ಲಕ್ಷ್ಮಮ್ಮಣ್ಣಿಯವರು, ರಾಜ್ಯ ನಡೆಸಿದವರು ದಿವಾನ್ ಪೂರ್ಣಯ್ಯನವರು. ಅಧಿಕಾರ ದೊರೆಯ ಕೈಗೆ ಬಂದದ್ದು 1811ರಲ್ಲಿ. ಅದು ಇಪ್ಪತ್ತು ವರ್ಷ ಉಳಿಯಿತು.

ಆ ಇಪ್ಪತ್ತು ವರ್ಷದ ಬಗ್ಗೆ ಬರೀ ಹೊಗಳಿಕೆ ಬರೆದರೆ ತಪ್ಪಾಗುತ್ತದೆ. ಆಸ್ಥಾನದ ಖರ್ಚು ಕೈಮೀರಿತ್ತು, ಸಾಲ ಬೆಳೆದಿತ್ತು. ಕಂದಾಯ ವಸೂಲಿಯನ್ನು ಷರತ್ತಿನ ಗುತ್ತಿಗೆಗೆ ಕೊಟ್ಟದ್ದರಿಂದ ರೈತರು ನಲುಗಿದರು. 1830ರಲ್ಲಿ ನಗರ ಸೀಮೆಯ ರೈತರು ಕೂಟ ಕಟ್ಟಿ ದಂಗೆ ಎದ್ದರು. ಇದನ್ನೇ ನೆಪಮಾಡಿಕೊಂಡು ಗವರ್ನರ್ ಜನರಲ್ ಬೆಂಟಿಂಕ್ 1831ರ ಅಕ್ಟೋಬರಿನಲ್ಲಿ ರಾಜ್ಯವನ್ನೇ ಕಿತ್ತುಕೊಂಡ. ವರ್ಷಕ್ಕೆ ಒಂದು ಲಕ್ಷ ವರಹ, ಜೊತೆಗೆ ನಿವ್ವಳ ಆದಾಯದ ಐದನೇ ಒಂದು ಪಾಲು. ದೊರೆ ಎಂಬ ಹೆಸರು ಉಳಿಯಿತು, ಕೆಲಸ ಹೋಯಿತು. ಆಗ ಅವರಿಗೆ ಮೂವತ್ತೇಳು ವರ್ಷ.

ಮೈಸೂರು ರಾಜ್ಯದ ಕಚೇರಿ ಬೆಂಗಳೂರಿಗೆ ಬಂತು. ಎಲ್ಲಿಗೆ ಗೊತ್ತೇ? ನಮ್ಮ ಪೇಟೆಯ ಪಕ್ಕದ ಕೋಟೆಯೊಳಗಿನ ಟಿಪ್ಪುವಿನ ಮರದ ಅರಮನೆಗೆ. ಮಾರ್ಕ್ ಕಬ್ಬನ್ 1834ರಿಂದ 1861ರವರೆಗೆ ಕಮಿಷನರ್ ಆಗಿ ರಾಜ್ಯ ಆಳಿದ. ದೊರೆ ಮೈಸೂರಿನಲ್ಲಿದ್ದರು, ಕೈಯಲ್ಲಿ ಬೇಕಾದಷ್ಟು ಹೊತ್ತಿತ್ತು.

ಆ ಹೊತ್ತನ್ನು ಅವರು ಬಳಸಿದ ಬಗೆ ನನ್ನನ್ನು ಹಿಡಿದು ನಿಲ್ಲಿಸಿತು. 1833ರಲ್ಲಿ, ಅಂದರೆ ಅಧಿಕಾರ ಹೋಗಿ ಎರಡೇ ವರ್ಷಕ್ಕೆ, ಮೈಸೂರಿನಲ್ಲಿ ಉಚಿತ ಇಂಗ್ಲಿಷ್ ಶಾಲೆ ತೆರೆದರು. ಮುಂದೆ ಮಹಾರಾಜ ಕಾಲೇಜಾಗಿ ಬೆಳೆದದ್ದು ಅದೇ. ಅವರ ಶ್ರೀತತ್ತ್ವನಿಧಿಯಲ್ಲಿ ದೇವತೆಗಳ ಧ್ಯಾನ, ಚಿತ್ರಗಳ ಜೊತೆಗೆ ಕೌತುಕನಿಧಿ ಎಂಬ ಭಾಗವೇ ಇದೆ. ಗಂಜೀಫಾ ಎಲೆಗಳ ಆಟಗಳು ಅದರಲ್ಲಿವೆ. 1861ರಲ್ಲಿ ಕಟ್ಟಿಸಿದ ಜಗನ್ಮೋಹನ ಅರಮನೆಯ ಗೋಡೆಗಳ ಮೇಲೆ ಹಾಸಿನ ಆಟಗಳನ್ನೇ ಬಣ್ಣದಲ್ಲಿ ಬರೆಸಿದರು. ಮೈಸೂರಿಗೆ ಹೋದವರು ದಸರಾ ದೀಪ ನೋಡಿ ಬರುತ್ತಾರೆ, ಆ ಗೋಡೆಗಳ ಮುಂದೆ ನಿಲ್ಲುವವರು ಕಡಿಮೆ.

ಎಲ್ಲಕ್ಕಿಂತ ಅವರನ್ನು ಹಿಡಿದದ್ದು ಚದುರಂಗದ ಕುದುರೆ. ಒಂದರಿಂದ 64ರವರೆಗೆ ಕೂಡಿದರೆ 2080, ಎಂಟು ಸಾಲಿಗೆ ಹಂಚಿದರೆ ಸಾಲಿಗೆ 260. ಕುದುರೆ ಕಾಲಿಟ್ಟ ಕ್ರಮದಲ್ಲಿ ಮನೆಗಳಿಗೆ ಅಂಕಿ ಹಾಕುತ್ತ ಹೋದಾಗ ಪ್ರತಿ ಅಡ್ಡಸಾಲೂ ಪ್ರತಿ ಉದ್ದಸಾಲೂ 260 ಆಗಬೇಕು! 2003ರಲ್ಲಿ ಕಂಪ್ಯೂಟರಿನಿಂದ ಪೂರ್ತಿ ಹುಡುಕಿಸಿದಾಗ ಇಂಥ ನಡಿಗೆಗಳು ಮೂಲದಲ್ಲಿ 140 ಮಾತ್ರ ಎಂದು ತಿಳಿಯಿತು. ಅವುಗಳಲ್ಲೊಂದು ಮೈಸೂರು ದೊರೆಯದು. ಕಂಪ್ಯೂಟರ್ ಇರಲಿ, ಸೀಸದಕಡ್ಡಿಯೂ ಅಪರೂಪವಾಗಿದ್ದ ಕಾಲದಲ್ಲಿ ಎಷ್ಟು ಸಲ ಅಳಿಸಿ ಬರೆದಿರಬೇಕು!

ಆ ಸಂಜೆ ನಾನು ಮುಂದಿನ ಬೀದಿಯಿಂದಲೇ ಮನೆಗೆ ಹೋದೆ. ಮೇಷ್ಟ್ರ ಲೆಕ್ಕವನ್ನು ಅಪ್ಪನ ಮುಂದಿಟ್ಟೆ. ಅಪ್ಪ ಓದಿದ್ದು ನಾಲ್ಕನೇ ಕ್ಲಾಸು. ಬಹಳ ಹೊತ್ತು ಹಾಸನ್ನೇ ನೋಡಿ, ಮೂಲೆಗಳನ್ನು ಕೊನೆಗೆ ಬಿಡಬೇಡ ಕಣೋ ಅಂದರು. ನಿಜ: ಮೂಲೆಯ ಮನೆಗೆ ದಾರಿ ಎರಡೇ, ಒಂದರಲ್ಲಿ ಬಂದರೆ ಇನ್ನೊಂದರಲ್ಲೇ ಹೋಗಬೇಕು. ನಡುವಿನ ಮನೆಗೆ ಎಂಟು ದಾರಿ. ದಾರಿ ಕಡಿಮೆ ಇರುವ ಮನೆಗೆ ಮೊದಲು ಹೋಗು ಎಂಬ ಈ ಸೂತ್ರವನ್ನು ಜರ್ಮನಿಯ ವಾರ್ನ್ಸ್‌ಡಾರ್ಫ್ 1823ರಲ್ಲೇ ಪುಸ್ತಕ ಮಾಡಿದ್ದನೆಂದು ನಾನು ಎಷ್ಟೋ ವರ್ಷದ ಮೇಲೆ ಓದಿದೆ. ಅಪ್ಪನಿಗೆ ಅದನ್ನು ಹೇಳಲು ಆಗಲಿಲ್ಲ.

ದೊರೆ ಆಟದಲ್ಲಿ ಮೈಮರೆತು ರಾಜ್ಯ ಮರೆತರೆಂದು ಯಾರೂ ತಿಳಿಯಬಾರದು. ರಾಜ್ಯ ಮರಳಿ ಕೊಡಿ ಎಂದು ಒಬ್ಬರಾದ ಮೇಲೊಬ್ಬ ಗವರ್ನರ್ ಜನರಲ್‌ಗೆ ಮನವಿ ಬರೆಯುತ್ತಲೇ ಇದ್ದರು. ಗಂಡು ಸಂತಾನವಿಲ್ಲದ ಸಂಸ್ಥಾನಗಳನ್ನು ಇಂಗ್ಲಿಷರು ನುಂಗುತ್ತಿದ್ದ ಕಾಲ ನೋಡಿದ್ದವರು ಅವರು. 1865ರಲ್ಲಿ ಎರಡು ವರ್ಷದ ಚಾಮರಾಜೇಂದ್ರನನ್ನು ದತ್ತು ತೆಗೆದುಕೊಂಡರು. ಮೊದಲು ಒಪ್ಪದ ಸರ್ಕಾರ 1867ರಲ್ಲಿ ಒಪ್ಪಿತು. ಮರುವರ್ಷ ಮಾರ್ಚ್ 27ರಂದು ದೊರೆ ತೀರಿಕೊಂಡರು. ಮೂವತ್ತಾರು ವರ್ಷ ಕಾದ ರಾಜ್ಯ ಅವರ ಕೈಗೆ ಬರಲಿಲ್ಲ. ಅದೇ ವರ್ಷ ಕೋಟೆಯ ಅರಮನೆಯಲ್ಲಿದ್ದ ಕಚೇರಿ ಹೊಸ ಅಠಾರಾ ಕಚೇರಿಗೆ ಹೋಯಿತು.

1881ರ ಮಾರ್ಚ್ 25ರಂದು ಇಂಗ್ಲಿಷರು ರಾಜ್ಯವನ್ನು ಆ ದತ್ತುಮಗನಿಗೆ ಒಪ್ಪಿಸಿದರು. 1892ರಲ್ಲಿ ಕೋಟೆಯ ಪಶ್ಚಿಮಕ್ಕೆ ಹೊಸ ಬಡಾವಣೆ ಎದ್ದಾಗ ಅದಕ್ಕೆ ಅವರ ಹೆಸರನ್ನೇ ಇಟ್ಟರು. ನಾವು ಐವತ್ತು ವರ್ಷದಿಂದ ಶಾಲೆಯ ವಿಳಾಸದ ಕೊನೆಯಲ್ಲಿ ಬರೆಯುತ್ತ ಬಂದಿರುವ ಚಾಮರಾಜಪೇಟೆ ಅದೇ.