ಆಟದ ಬಯಲಿನಿಂದ ನಗೆಯ ಲೋಕಕ್ಕೆ: ಪಿ.ಜಿ. ವುಡ್‌ಹೌಸ್

ಇಂಗ್ಲಿಷಿನ ಪ್ರಸಿದ್ಧ ಹಾಸ್ಯ ಲೇಖಕ ಪಿ.ಜಿ. ವುಡ್‌ಹೌಸ್ ಅವರು 1881ರ ಅಕ್ಟೋಬರ್ 15ರಂದು ಇಂಗ್ಲೆಂಡಿನ ಗಿಲ್ಡ್‌ಫರ್ಡ್‌ನಲ್ಲಿ ಜನಿಸಿದರು. ತಂದೆ ದೂರದ ಹಾಂಗ್‌ಕಾಂಗ್‌ನಲ್ಲಿ ಮ್ಯಾಜಿಸ್ಟ್ರೇಟರಾಗಿದ್ದರು. ಹೀಗಾಗಿ ಬಾಲಕನಿಗೆ ಹೆತ್ತವರ ಸಹವಾಸ ಸಿಕ್ಕಿದ್ದೇ ಕಡಿಮೆ. ದಾದಿಯರು ಮತ್ತು ಬಂಧುಗಳ ಆಶ್ರಯದಲ್ಲಿ ಬೆಳೆಯಬೇಕಾಯಿತು.

1894ರಲ್ಲಿ ಲಂಡನ್ನಿನ ಡಲ್ವಿಚ್ ಕಾಲೇಜ್ ಎಂಬ ಶಾಲೆಗೆ ಸೇರಿದಾಗ ಅವರಿಗೆ ಮನೆಯೇ ಸಿಕ್ಕಂತಾಯಿತು. ಅಲ್ಲಿ ಶಾಲಾ ಕ್ರಿಕೆಟ್ ತಂಡದ ಬೌಲರ್ ಆದರು, ರಗ್ಬಿ ಆಡಿದರು, ಶಾಲಾ ಪತ್ರಿಕೆಯ ಸಂಪಾದಕರಲ್ಲೊಬ್ಬರಾದರು. ಮುಂದೆ ಆಕ್ಸ್‌ಫರ್ಡ್‌ನಲ್ಲಿ ಓದುವ ಆಸೆಯಿತ್ತು. ಆದರೆ ತಂದೆಯ ಪಿಂಚಣಿ ಬರುತ್ತಿದ್ದುದು ರೂಪಾಯಿಯಲ್ಲಿ. ರೂಪಾಯಿಯ ಬೆಲೆ ಕುಸಿದಿತ್ತು. ಓದು ನಿಂತಿತು. 1900ರಲ್ಲಿ ಬ್ಯಾಂಕಿನ ಗುಮಾಸ್ತರಾದರು.

ಹಗಲು ಲೆಕ್ಕದ ಪುಸ್ತಕ, ರಾತ್ರಿ ಬರವಣಿಗೆ. ಶಾಲೆಗಳ ಆಟೋಟಗಳ ಬಗ್ಗೆ ಲೇಖನ, ಕಥೆಗಳನ್ನು ಬರೆದು ಪತ್ರಿಕೆಗಳಿಗೆ ಕಳಿಸಿದರು. 1902ರಲ್ಲಿ ನೌಕರಿ ಬಿಟ್ಟು ಪತ್ರಿಕೆಯೊಂದರ ಹಾಸ್ಯ ಅಂಕಣಕ್ಕೆ ಸೇರಿದರು. ಅದೇ ವರ್ಷ ಬಂದ ಮೊದಲ ಪುಸ್ತಕದ ವಸ್ತು, ಶಾಲೆಯೊಂದರ ಕ್ರೀಡಾ ಬಹುಮಾನಗಳ ಕಳವು!

ಅವರ ಹಾಸ್ಯಕ್ಕೂ ಆಟದ ನಂಟು ಬಿಡಲಿಲ್ಲ. ಗಾಲ್ಫ್ ಆಟಗಾರರ ಹುಚ್ಚನ್ನು ಕುರಿತು ಅವರು ಬರೆದ ಕಥೆಗಳು ಇಂದಿಗೂ ನಗಿಸುತ್ತವೆ. ದಡ್ಡ ಯಜಮಾನನನ್ನು ಪ್ರತಿ ಸಲವೂ ಪೇಚಿನಿಂದ ಪಾರುಮಾಡುವ ಜಾಣ ಸೇವಕ ಜೀವ್ಸ್‌ನನ್ನು ಯಾರು ಮರೆತಾರು? ಆ ಹೆಸರು ಪರ್ಸಿ ಜೀವ್ಸ್ ಎಂಬ ಕ್ರಿಕೆಟಿಗನದು. ವುಡ್‌ಹೌಸ್ ಆತನ ಆಟವನ್ನು ಕಂಡು ಮೆಚ್ಚಿದ್ದರು. ಪಾಪ, ಆ ತರುಣ 1916ರಲ್ಲಿ ಯುದ್ಧದಲ್ಲಿ ಮಡಿದ. ಹೆಸರು ಮಾತ್ರ ಕಥೆಗಳಲ್ಲಿ ಉಳಿಯಿತು. ಅಮೆರಿಕದ ರಂಗಭೂಮಿಗೂ ವುಡ್‌ಹೌಸ್ ಹಾಡು, ಹಾಸ್ಯ ನಾಟಕಗಳನ್ನು ಬರೆದುಕೊಟ್ಟರು.

ಇಂಥವರೂ ಎಡವಿದರು. 1940ರಲ್ಲಿ ಫ್ರಾನ್ಸ್‌ನಲ್ಲಿದ್ದಾಗ ಜರ್ಮನರ ಸೆರೆಯಾದರು. ಮರುವರ್ಷ ಬಿಡುಗಡೆಯಾದ ಮೇಲೆ ಬರ್ಲಿನ್ ರೇಡಿಯೋದಲ್ಲಿ ತಮ್ಮ ಸೆರೆವಾಸವನ್ನೇ ತಮಾಷೆಯಾಗಿ ಬಣ್ಣಿಸಿದರು. ಬಾಂಬುಗಳ ಏಟು ತಿಂದಿದ್ದ ಸ್ವದೇಶದ ಜನರಿಗೆ ಆ ತಮಾಷೆ ದ್ರೋಹದಂತೆ ಕಂಡಿತು. ವಿಚಾರಣೆ ನಡೆಸಿದ ಅಧಿಕಾರಿಗಳು ಮೊಕದ್ದಮೆ ಹೂಡಲಿಲ್ಲ. ಆದರೂ ಯುದ್ಧದ ನಂತರ ಅವರು ಅಮೆರಿಕದಲ್ಲೇ ನೆಲೆಸಿದರು. ಇಂಗ್ಲೆಂಡಿಗೆ ಮರಳಲೇ ಇಲ್ಲ. ನಗಿಸುವವನಿಗೂ ಹೊತ್ತುಗೊತ್ತಿನ ಅರಿವು ಬೇಕೆಂಬ ಪಾಠವನ್ನು ಅವರು ಬಲು ದುಬಾರಿ ಬೆಲೆ ತೆತ್ತು ಕಲಿತರು.

ತಾಯ್ನಾಡು ಕೊನೆಗೆ ಕ್ಷಮಿಸಿತು. 1975ರ ಹೊಸವರ್ಷಕ್ಕೆ 'ಸರ್' ಪದವಿ ಬಂತು. ಅದೇ ಫೆಬ್ರವರಿ 14ರಂದು, 93ನೇ ವಯಸ್ಸಿನಲ್ಲಿ ಅವರು ತೀರಿಕೊಂಡರು. 90ಕ್ಕೂ ಹೆಚ್ಚು ಪುಸ್ತಕಗಳನ್ನು ಬಿಟ್ಟುಹೋದರು.

ಹೆಸರಾಂತ ಲೇಖಕರಾದ ಮೇಲೂ ಅವರು ಡಲ್ವಿಚ್‌ನ ಪಂದ್ಯಗಳಿಗೆ ಹೋಗಿ, ಹಳೆಯ ಶಾಲಾ ಪತ್ರಿಕೆಗೆ ವರದಿ ಬರೆದುಕೊಡುತ್ತಿದ್ದರಂತೆ. ಸುವರ್ಣ ಮಹೋತ್ಸವಕ್ಕೆ ಊರೂರುಗಳಿಂದ ಬಂದು ಸೇರಿರುವ ನಮ್ಮ ಹಳೆಯ ವಿದ್ಯಾರ್ಥಿಗಳಿಗೆ ಈ ಋಣದ ಅರ್ಥವನ್ನು ಬೇರೆ ಹೇಳಬೇಕಿಲ್ಲ.