ಗುಬ್ಬಿ ವೀರಣ್ಣ: ನಗಿಸುವುದೇ ಕಾಯಕ

ಎಂಟನೆಯ ತರಗತಿಯ ವ್ಯಕ್ತಿಪರಿಚಯ ಪಾಠಕ್ಕೆ ನಾನು ಆರಿಸಿಕೊಂಡವರು ಗುಬ್ಬಿ ವೀರಣ್ಣನವರು. ಶಿಕಾರಿಪುರ, ಸೊರಬ ಎರಡೂ ಕಡೆಯ ಅಭ್ಯಾಸ ಬೋಧನೆಯಲ್ಲಿ ಇದೇ ಪಾಠ ಮಾಡಿದೆ. ನಗಿಸುವವರ ಬದುಕೂ ಗಂಭೀರ ಪಾಠವಾಗಬಲ್ಲುದೇ ಎಂಬುದು ನನ್ನ ಮುಂದಿದ್ದ ಪ್ರಶ್ನೆ.

ವೀರಣ್ಣನವರು ಹುಟ್ಟಿದ್ದು 1891ರಲ್ಲಿ, ತುಮಕೂರು ಸೀಮೆಯಲ್ಲಿ. 1884ರಲ್ಲಿ ಗುಬ್ಬಿಯಲ್ಲಿ ಹುಟ್ಟಿದ ಚನ್ನಬಸವೇಶ್ವರ ನಾಟಕ ಸಂಘವನ್ನು ಚಿಕ್ಕ ಹುಡುಗನಾಗಿ ಸೇರಿದರು. 1917ರಲ್ಲಿ ಅದರ ಒಡೆಯರಾದರು. ಬೇಕೆಂದ ರಾಜನ ಪಾತ್ರ ಹಾಕಬಹುದಾಗಿದ್ದ ಮಾಲೀಕರು ಹಾಸ್ಯವನ್ನು ಬಿಡಲಿಲ್ಲ. ‘ಸದಾರಮೆ’ಯ ಕಳ್ಳನ ಪಾತ್ರ ಅವರ ಹೆಸರಿಗೆ ಅಂಟಿಕೊಂಡಿತು.

1930ರ ದಶಕದ ಆರಂಭದಲ್ಲಿ ಅವರು ಮೂಕಿ ಚಿತ್ರಕ್ಕೆ ಕೈಹಾಕಿದರು. ‘ಹರಿಮಾಯಾ’ ತಯಾರಾಯಿತು. ‘ಹಿಸ್ ಲವ್ ಅಫೇರ್’ನಲ್ಲಿ ಜಯಮ್ಮನವರೊಡನೆ ತಾವೇ ನಟಿಸಿದರು. ಮಾತಿನಿಂದ ನಗಿಸುತ್ತಿದ್ದವರಿಗೆ ಈಗ ಉಳಿದದ್ದು ಮುಖ, ಕೈ, ನಡಿಗೆ ಮಾತ್ರ. ಅದೇ ಕಾಲದಲ್ಲಿ ಜಪಾನಿನಲ್ಲಿ ಬೆನ್ಶಿ ಎಂಬ ಕಥನಕಾರ ಪರದೆಯ ಪಕ್ಕ ನಿಂತು ಮೂಕಿ ಹಾಸ್ಯಕ್ಕೂ ಮಾತು ಕೊಡುತ್ತಿದ್ದ. ಸೊರಬದ ಮಕ್ಕಳಿಗೆ ಯಕ್ಷಗಾನದ ಭಾಗವತರನ್ನೂ ಹಾಸ್ಯಗಾರನನ್ನೂ ನೆನಪಿಸಿದೆ. ಬೆನ್ಶಿ ತಟ್ಟನೆ ಅರ್ಥವಾದ.

1931ರಲ್ಲಿ ‘ಆಲಂ ಆರಾ’ ಬಂತು, ಪರದೆ ಮಾತಾಡತೊಡಗಿತು. ಮೂಕಿಯ ಕಾಲ ಮುಗಿಯುತ್ತ ಬಂತು. ವೀರಣ್ಣನವರು ಕೈಕಟ್ಟಿ ಕೂರಲಿಲ್ಲ. ‘ಕುರುಕ್ಷೇತ್ರ’ ನಾಟಕಕ್ಕೆ ನಿಜವಾದ ಆನೆ, ಕುದುರೆಗಳನ್ನೇ ರಂಗಕ್ಕೆ ತಂದರು. 1935ರಲ್ಲಿ ‘ಸದಾರಮೆ’ಯನ್ನು ವಾಕ್ಚಿತ್ರವಾಗಿಸಿದರು. 1954ರ ‘ಬೇಡರ ಕಣ್ಣಪ್ಪ’ದ ನಿರ್ಮಾಣದಲ್ಲೂ ಅವರ ಸಂಸ್ಥೆಯಿತ್ತು, ರಾಜಕುಮಾರ್ ನಾಯಕರಾದದ್ದು ಅದರಿಂದಲೇ. 1972ರಲ್ಲಿ ಪದ್ಮಶ್ರೀ ಬಂತು. ಅದೇ ವರ್ಷ ತೀರಿಕೊಂಡರು.

ಅವರ ಆತ್ಮಕಥೆಯ ಹೆಸರು ‘ಕಲೆಯೇ ಕಾಯಕ’. ಅಲ್ಲಮ, ಅಕ್ಕಮಹಾದೇವಿಯರ ಸೀಮೆಯಾದ ಶಿಕಾರಿಪುರದಲ್ಲಿ ಕಾಯಕ ಎಂಬ ಮಾತನ್ನು ಬಿಡಿಸಿ ಹೇಳಬೇಕಾಗಲಿಲ್ಲ. ಉಳುವುದು, ನೇಯುವುದು ಕಾಯಕವಾದರೆ ನಗಿಸುವುದೂ ಕಾಯಕವೇ ಎಂದು ಕೇಳಿದೆ. ತರಗತಿ ಎರಡು ಪಾಲಾಯಿತು. ನಗುವಿನಿಂದ ಹೊಟ್ಟೆ ತುಂಬದು ಎಂದರು ಕೆಲವರು. ಆ ನಗುವಿನಿಂದಲೇ ದೊಡ್ಡದೊಂದು ಕಂಪನಿಯ ನಟರು, ಅಡಿಗೆಯವರು, ಪರದೆ ಎಳೆಯುವವರೆಲ್ಲ ಉಂಡದ್ದನ್ನು ಆಗ ಮುಂದಿಟ್ಟೆ.

ಮೌಲ್ಯಮಾಪನಕ್ಕೆ ಒಂದು ಚಟುವಟಿಕೆ ಕೊಟ್ಟೆ: ಮಗ್ಗಿ ಮರೆತ ಹುಡುಗ ಮೇಷ್ಟ್ರ ಮುಂದೆ ನಿಂತದ್ದನ್ನು ಒಬ್ಬರು ಮಾತಿಲ್ಲದೆ ಅಭಿನಯಿಸಬೇಕು, ಇನ್ನೊಬ್ಬರು ಪಕ್ಕದಲ್ಲಿ ನಿಂತು ಕಥೆ ಹೇಳಬೇಕು. ಕಥೆ ಹೇಳಲು ಎಲ್ಲರೂ ಕೈ ಎತ್ತಿದರು. ಅಭಿನಯಕ್ಕೆ ಎದ್ದವರು ಇಬ್ಬರೇ. ಮಾತಿಲ್ಲದೆ ನಗಿಸುವುದು ಎಂಥ ಕಷ್ಟದ ಕೆಲಸ ಎಂಬುದನ್ನು ಮತ್ತೆ ಕಪ್ಪುಹಲಗೆಯ ಮೇಲೆ ಬರೆಯುವ ಅಗತ್ಯ ಬೀಳಲಿಲ್ಲ.