ನನ್ನ ಮಣಿಕಟ್ಟಿನ ಕೋಡ್ ಮತ್ತು ಹಸಿವಿನಿಂದ ಸತ್ತ 63 ಜನ

ಕಳೆದ ವರ್ಷ ನನ್ನ ಬಲಗೈ ಮಣಿಕಟ್ಟಿನ ಒಂದು ಪುಟ್ಟ ಮೂಳೆ ಸತ್ತುಹೋಯಿತು. ಚಂದ್ರನ ಆಕಾರದ್ದು, ಲುನೇಟ್ ಅಂತ ಹೆಸರು. ಅದಕ್ಕೆ ಹೋಗೋ ರಕ್ತ ನಿಂತರೆ ಒಳಗಿನ ಜೀವಕೋಶ ಸತ್ತು, ಮೂಳೆ ನಿಧಾನಕ್ಕೆ ಕುಸಿಯುತ್ತದೆ. 1910ರಲ್ಲಿ ಇದನ್ನು ಎಕ್ಸ್-ರೇಯಲ್ಲಿ ನೋಡಿ ವಿವರಿಸಿದ ವಿಯೆನ್ನಾದ ವೈದ್ಯ ರಾಬರ್ಟ್ ಕೀನ್‌ಬೋಕ್ ಹೆಸರೇ ಕಾಯಿಲೆಗೂ ಉಳಿದಿದೆ.

ಆಪರೇಷನ್ ಸುಸೂತ್ರವಾಗಿ ಮುಗಿಯಿತು. ಒದ್ದಾಡಿದ್ದು ಬಿಲ್‌ಗೆ. ದಾಖಲಾಗುವಾಗಿನ ಫಾರ್ಮ್‌ನಲ್ಲಿ ಎಂ 87.0 ಅಂತ ಇತ್ತು, ಅಂದರೆ ಕಾರಣ ಗೊತ್ತಿಲ್ಲದ ಮೂಳೆ ಸಾವು. ಡಿಸ್ಚಾರ್ಜ್ ಹಾಳೆಯಲ್ಲಿ ಎಂ 93.1, ಅಂದರೆ ವಯಸ್ಕರ ಕೀನ್‌ಬೋಕ್ ಕಾಯಿಲೆ. ಮಕ್ಕಳಿಗೆ ಬಂದರೆ ಅದೇ ಕಾಯಿಲೆ ಎಂ 92.2ಕ್ಕೆ ಹೋಗುತ್ತೆ. ಒಂದೇ ಮೂಳೆ, ಒಂದೇ ಸಾವು, ಮೂರು ವಿಳಾಸ. ವಿಮೆಯವರ ಲೆಕ್ಕದಲ್ಲಿ ನನಗೆ ಎರಡು ಬೇರೆ ಬೇರೆ ಕಾಯಿಲೆ. ದುಡ್ಡು ಬರೋಕೆ ಎರಡು ತಿಂಗಳು ಹಿಡಿಯಿತು.

ಇಂಜಿನಿಯರಿಂಗ್ ಓದಿದವನಿಗೆ ಒಂದು ಚಟ ಇರುತ್ತೆ: ಸಿಸ್ಟಮ್ ಕೈಕೊಟ್ಟರೆ ಅದನ್ನ ಕಟ್ಟಿದವರು ಯಾರು ಅಂತ ಹುಡುಕೋದು. ಹಾಗೆ ಹುಡುಕುತ್ತಾ ಸಿಕ್ಕವನು ವಿಲಿಯಂ ಫಾರ್. ಅವನ ಕಥೆ ಓದಿದ ಮೇಲೆ ನನ್ನ ಬಿಲ್ ಚಿಕ್ಕದಾಗಿ ಕಂಡಿತು.

ಫಾರ್ ಹುಟ್ಟಿದ್ದು 1807ರಲ್ಲಿ, ಇಂಗ್ಲೆಂಡಿನ ಶ್ರಾಪ್‌ಶೈರ್‌ನ ಬಡ ಮನೆಯಲ್ಲಿ. ಜೋಸೆಫ್ ಪ್ರೈಸ್ ಎಂಬ ಸ್ಥಳೀಯ ಹಿರಿಯ ಅವನನ್ನು ಸಾಕಿ ಓದಿಸಿದ. 1828ರಲ್ಲಿ ಪ್ರೈಸ್ ತೀರಿಕೊಂಡಾಗ ಬಿಟ್ಟುಹೋದ 500 ಪೌಂಡ್ ಹುಡುಗನನ್ನು ಪ್ಯಾರಿಸ್‌ವರೆಗೆ ಕೊಂಡೊಯ್ದಿತು. ಅಲ್ಲಿ ಅವನು ವೈದ್ಯದ ಜೊತೆಗೆ ಲೆಕ್ಕವನ್ನೂ ಹಚ್ಚಿಕೊಂಡ. ಲಂಡನ್ನಿಗೆ ಬಂದು ಪಡೆದದ್ದು ಅಪಾಥೆಕರಿ ಪರವಾನಗಿ ಮಾತ್ರ. ದೊಡ್ಡ ಮನೆತನದ ವೈದ್ಯರ ಕೂಟಕ್ಕೆ ಅವನು ಹೊರಗಿನವನೇ.

1837ರ ಜುಲೈನಲ್ಲಿ ಇಂಗ್ಲೆಂಡ್ ಮತ್ತು ವೇಲ್ಸ್‌ನಲ್ಲಿ ಜನನ-ಮರಣ ನೋಂದಣಿ ಶುರುವಾಯಿತು. ಸ್ವಲ್ಪ ಸಮಯದಲ್ಲೇ ಫಾರ್ ಆ ಕಚೇರಿ ಸೇರಿದ. ಬಂದ ಕಾಗದಗಳು ಗೊಂದಲದ ಗೂಡು. ಒಂದೇ ಕಾಯಿಲೆಗೆ ಒಬ್ಬೊಬ್ಬರು ಒಂದೊಂದು ಹೆಸರು ಬರೆದಿದ್ದರು. ಭೌತವಿಜ್ಞಾನಕ್ಕೆ ತೂಕ, ಅಳತೆ ಹೇಗೋ ಹಾಗೆ ಈ ವಿಷಯಕ್ಕೆ ಹೆಸರು ಮುಖ್ಯ ಅನ್ನೋದು ಅವನ ವಾದ. ಎಲ್ಲರೂ ಒಂದೇ ಪಟ್ಟಿ ಬಳಸಿದರೆ ಊರು-ಊರಿನ ಸಾವನ್ನು ಹೋಲಿಸಬಹುದು, ಯಾವುದನ್ನು ತಡೆಯಬಹುದಿತ್ತು ಅಂತ ಕೇಳಬಹುದು.

ಆ ಪ್ರಶ್ನೆಯೇ ಅವನನ್ನು ಜಗಳಕ್ಕೆ ಎಳೆಯಿತು. 1839ರಲ್ಲಿ ಬಂದ ಮೊದಲ ವರದಿಯಲ್ಲಿ ಆರು ತಿಂಗಳ ಸುಮಾರು 1 ಲಕ್ಷ 48 ಸಾವಿರ ಸಾವುಗಳ ಲೆಕ್ಕವಿತ್ತು. ಅದರಲ್ಲಿ 63 ಸಾವಿನ ಮುಂದೆ ಫಾರ್ ಹಾಕಿದ ಕಾರಣ: ಹಸಿವು.

ಬರೀ 63. ಆದರೆ ಸರ್ಕಾರಕ್ಕೆ ಅದು ಚುಚ್ಚಿತು. 1834ರ ಹೊಸ ಬಡವರ ಕಾಯ್ದೆ, ನೆರವು ಬೇಕಾದವರು ವರ್ಕ್‌ಹೌಸ್ ಸೇರಲಿ ಅಂತ ಹೇಳಿತ್ತು. ಆ ವ್ಯವಸ್ಥೆಯ ಕಾರ್ಯದರ್ಶಿ ಎಡ್ವಿನ್ ಚಾಡ್ವಿಕ್. ಮುಂದೆ ಚರಂಡಿ, ನೈರ್ಮಲ್ಯದ ಸುಧಾರಕ ಅಂತ ಹೆಸರು ಮಾಡಿದವನೂ ಇವನೇ. ಹಸಿವಿನಿಂದ ಜನ ಸಾಯುತ್ತಿದ್ದಾರೆ ಅಂದರೆ ಅವನ ಕಾಯ್ದೆ ಸೋತಿದೆ ಅಂತಲೇ ಅರ್ಥ. ಅವನು ಒಂದೊಂದು ಪ್ರಕರಣವನ್ನೂ ಕೆದಕಿದ. ಕೆಲವು ತಾಯಿಹಾಲು ಸಿಗದ ಕೂಸುಗಳು, ಅದು ಹೇಗೆ ಹಸಿವಾಗುತ್ತೆ ಅಂತ ತಕರಾರು ತೆಗೆದ.

ಫಾರ್ ಹಿಂದೆ ಸರಿಯಲಿಲ್ಲ. ಅನ್ನವೇ ಇಲ್ಲದೆ ನೇರವಾಗಿ ಸಾಯುವವರು ಕಡಿಮೆ. ಅರೆಹೊಟ್ಟೆ ಮೊದಲು ದೇಹವನ್ನು ಸೋಲಿಸುತ್ತೆ, ಆಮೇಲೆ ಜ್ವರವೋ ಭೇದಿಯೋ ಬಂದು ಮುಗಿಸುತ್ತೆ. ಕಾಗದದಲ್ಲಿ ಉಳಿಯೋದು ಜ್ವರ. ಹಾಗಾಗಿ 63 ಅನ್ನೋದು ಹೆಚ್ಚಲ್ಲ, ಕಡಿಮೆಯೇ ಅನ್ನೋದು ಅವನ ನಿಲುವು.

ಫಾರ್ ಎಲ್ಲದರಲ್ಲೂ ಸರಿ ಇರಲಿಲ್ಲ. 1848-49ರ ಕಾಲರಾಕ್ಕೆ ಕೆಟ್ಟ ಗಾಳಿ ಕಾರಣ ಅಂತ ನಂಬಿ, ತಗ್ಗು ಪ್ರದೇಶದಲ್ಲಿ ಸಾವು ಹೆಚ್ಚು ಅಂತ ಅಂಕಿಯಲ್ಲಿ ತೋರಿಸಿದ. ಅಂಕಿ ಸರಿ, ಅರ್ಥ ತಪ್ಪು. ಆದರೂ ನೀರೇ ಕಾರಣ ಅನ್ನುತ್ತಿದ್ದ ಜಾನ್ ಸ್ನೋಗೆ 1854ರಲ್ಲಿ ಸತ್ತವರ ವಿವರ ಸಿಕ್ಕಿದ್ದು ಫಾರ್‌ನ ಕಚೇರಿಯಿಂದಲೇ. 1866ರಲ್ಲಿ ಪೂರ್ವ ಲಂಡನ್‌ನಲ್ಲಿ ಮತ್ತೆ ಕಾಲರಾ ಬಂದಾಗ ಫಾರ್ ತನ್ನ ಹಳೆಯ ನಂಬಿಕೆ ಬಿಟ್ಟು, ಅಲ್ಲಿನ ನೀರಿನ ಕಂಪನಿಯತ್ತ ಬೆರಳು ತೋರಿಸಿದ. ಕ್ರಿಮಿಯ ಯುದ್ಧದಲ್ಲಿ ಗಾಯಕ್ಕಿಂತ ಕಾಯಿಲೆಗೇ ಹೆಚ್ಚು ಸೈನಿಕರು ಸತ್ತರು ಅಂತ ತೋರಿಸಲು ಫ್ಲಾರೆನ್ಸ್ ನೈಟಿಂಗೇಲ್ ಜೊತೆ ಲೆಕ್ಕಕ್ಕೆ ಕೂತವನೂ ಅವನೇ.

1853ರಲ್ಲಿ ಬ್ರಸೆಲ್ಸ್‌ನ ಅಂಕಿಅಂಶ ಸಮ್ಮೇಳನ, ಎಲ್ಲ ದೇಶಗಳಿಗೂ ಒಂದೇ ಪಟ್ಟಿ ಮಾಡಲು ಫಾರ್ ಮತ್ತು ಜಿನೀವಾದ ಮಾರ್ಕ್ ದೆಸ್ಪಿನ್‌ಗೆ ಹೇಳಿತು. ಇಬ್ಬರ ಲಾಜಿಕ್ ಬೇರೆ ಬೇರೆ. 1855ರಲ್ಲಿ ಪ್ಯಾರಿಸ್‌ನಲ್ಲಿ 139 ಸಾಲುಗಳ ರಾಜಿ ಪಟ್ಟಿ ಒಪ್ಪಿಗೆಯಾಯಿತು. 1893ರಲ್ಲಿ ಜಾಕ್ ಬರ್ಟಿಲಾನ್ ಹೊಸ ಪಟ್ಟಿ ಕೊಟ್ಟ. ಅಂಗದ ಜಾಗ ನೋಡಿ ಕಾಯಿಲೆ ವಿಂಗಡಿಸುವ ಫಾರ್‌ನ ಉಪಾಯ ಅದರಲ್ಲೂ ಉಳಿಯಿತು. 1948ರಲ್ಲಿ ವಿಶ್ವ ಆರೋಗ್ಯ ಸಂಸ್ಥೆ ಪಟ್ಟಿಯನ್ನು ವಹಿಸಿಕೊಂಡಾಗ ಬದುಕಿರುವವರ ಕಾಯಿಲೆಗೂ ಕೋಡ್ ಬಂತು. ಮಣಿಕಟ್ಟಿನ ಮೂಳೆ ಸತ್ತರೆ ಮನುಷ್ಯ ಸಾಯಲ್ಲ. ಫಾರ್‌ನ ಸಾವಿನ ಪಟ್ಟಿಯಲ್ಲಿ ನನ್ನಂಥವನಿಗೆ ಜಾಗ ಇರಲಿಲ್ಲ.

ನಲವತ್ತು ವರ್ಷ ದುಡಿದ ಮೇಲೆ ಮುಖ್ಯಸ್ಥನ ಹುದ್ದೆ ಖಾಲಿಯಾಯಿತು. ಸರ್ಕಾರ ಅದನ್ನು ಒಬ್ಬ ಬ್ಯಾರೊನೆಟ್‌ಗೆ ಕೊಟ್ಟಿತು. ಫಾರ್ ರಾಜೀನಾಮೆ ಕೊಟ್ಟು ಹೊರಬಂದ. 1883ರ ಏಪ್ರಿಲ್‌ನಲ್ಲಿ ತೀರಿಕೊಂಡ.

ಈ ಕಥೆ ಇವತ್ತು ಯಾಕೆ? 2021ರ ಮೇ ನೆನಪಿಸಿಕೊಳ್ಳಿ. ಚಾಮರಾಜನಗರ ಜಿಲ್ಲಾಸ್ಪತ್ರೆಯಲ್ಲಿ ಜನ ಸತ್ತರು. ಆಕ್ಸಿಜನ್ ಇಲ್ಲದೆ ಸತ್ತವರೆಷ್ಟು ಅನ್ನೋದೇ ಜಗಳವಾಯಿತು. ಜುಲೈನಲ್ಲಿ ಕೇಂದ್ರ ಸರ್ಕಾರ ರಾಜ್ಯಸಭೆಗೆ ಕೊಟ್ಟ ಉತ್ತರ: ಆಕ್ಸಿಜನ್ ಕೊರತೆಯ ಸಾವು ಅಂತ ರಾಜ್ಯಗಳು ನಿರ್ದಿಷ್ಟವಾಗಿ ವರದಿ ಮಾಡಿಲ್ಲ. ಕಾಗದದಲ್ಲಿ ಬೇರೆ ಕಾರಣ ಇತ್ತಲ್ಲ, ಸಾಕು. ಚಾಡ್ವಿಕ್ ಇದ್ದಿದ್ದರೆ ತಲೆದೂಗುತ್ತಿದ್ದ.

2020ರಲ್ಲಿ ದೇಶದಲ್ಲಿ ನೋಂದಣಿಯಾದ ಸಾವುಗಳ ಪೈಕಿ ವೈದ್ಯರು ಕಾರಣ ದೃಢೀಕರಿಸಿದ್ದು ಕಾಲು ಭಾಗಕ್ಕಿಂತಲೂ ಕಡಿಮೆ. ಉಳಿದವರು ಯಾಕೆ ಸತ್ತರು ಅನ್ನೋದಕ್ಕೆ ವೈದ್ಯರ ಕಾಗದವೇ ಇಲ್ಲ. ನನ್ನ ಕೈಗೆ ಎರಡು ಕೋಡ್ ಸಿಕ್ಕಿದ್ದಕ್ಕೆ ನಾನು ಎರಡು ತಿಂಗಳು ಕೂಗಾಡಿದೆ, ಕೊನೆಗೆ ಯಾರೋ ಕೇಳಿಸಿಕೊಂಡರು. ಒಂದೂ ಕೋಡ್ ಸಿಗದವರ ಪರವಾಗಿ ಕೂಗಾಡಬೇಕಾದವರು ಬದುಕಿರುವ ನಾವೇ. ಮುಂದಿನ ಸಲ ಸರ್ಕಾರ ಇಂಥ ಸಾವುಗಳು ಸೊನ್ನೆ ಅಂದಾಗ, ಆ ಸಾವಿಗೆ ಫಾರ್ಮ್‌ನಲ್ಲಿ ಕಾಲಂ ಇತ್ತಾ ಅಂತ ಮೊದಲು ಕೇಳಿ.